ಫಿಶಿ: ಸಂಶಯ ಯಾರಿಗೆ, ಸಂಶಯ ಯಾವುದರ ಮೇಲೆ

ಇಂಗ್ಲಿಷಿನ ‘ಫಿಶಿ’ ಪದಕ್ಕೆ ಗೈಡ್‌ಗಳಲ್ಲಿ ಒಂದೇ ಮಾತಿನ ಅರ್ಥ ಇರುತ್ತದೆ: ಸಂಶಯಾಸ್ಪದ. ಅರ್ಥ ಸರಿಯಾಗಿಯೇ ಇದೆ. ಧಾರವಾಡದ ಸಪ್ತಾಪುರದಲ್ಲಿ ರೂಮು ಮಾಡಿಕೊಂಡು ಬ್ಯಾಂಕ್, ಎಸ್‌ಎಸ್‌ಸಿ ಪರೀಕ್ಷೆಗೆ ಓದುವವರು ಅದನ್ನು ಬಾಯಿಪಾಠ ಮಾಡಿಯೂ ಇರುತ್ತಾರೆ. ಆದರೂ ವಾಕ್ಯ ಕಟ್ಟಲು ಕೂತಾಗ ‘ಐ ಆಮ್ ಫಿಶಿ ಅಬೌಟ್ ಹಿಮ್’ ಎಂದು ಬಂದುಬಿಡುತ್ತದೆ. ಅವನ ಮೇಲೆ ನನಗೆ ಸಂಶಯ ಇದೆ ಎಂದು ಹೇಳಹೊರಟ ವಾಕ್ಯ ಅದು, ಆದರೆ ಇಂಗ್ಲಿಷಿನಲ್ಲಿ ನಿಲ್ಲುವುದಿಲ್ಲ. ಫಿಶಿ ಎಂಬ ಗುಣ ಸಂಶಯ ಹುಟ್ಟಿಸುವ ವಸ್ತುವಿಗೆ, ಮಾತಿಗೆ, ವ್ಯವಹಾರಕ್ಕೆ ಸೇರಿದ್ದು. ಸಂಶಯ ಪಡುವ ಮನುಷ್ಯನಿಗೆ ಅದನ್ನು ಹಚ್ಚಲು ಬರುವುದಿಲ್ಲ. ಈ ಟಿಪ್ಪಣಿಯಲ್ಲಿ ಎಲ್ಲಕ್ಕಿಂತ ಮುಖ್ಯವಾದದ್ದು ಇದೇ.

ಪದದ ರಚನೆ ಸರಳ. ಫಿಶ್ ಎಂಬ ನಾಮಪದಕ್ಕೆ ಕೊನೆಗೆ ವೈ ಅಕ್ಷರ ಸೇರಿದರೆ ವಿಶೇಷಣ. ಸನ್‌ನಿಂದ ಸನ್ನಿ ಮಾಡುವಾಗ ಎನ್ ಅಕ್ಷರ ಎರಡಾಗುತ್ತದೆ, ಇಲ್ಲಿ ಹಾಗೆ ಏನೂ ಇಮ್ಮಡಿ ಆಗುವುದಿಲ್ಲ, ಏಕೆಂದರೆ ಫಿಶ್ ಮುಗಿಯುವುದೇ ಎಸ್, ಎಚ್ ಎಂಬ ಎರಡು ವ್ಯಂಜನಗಳಿಂದ. ಹೋಲಿಕೆಯ ರೂಪಗಳಲ್ಲಿ ವೈ ಹೋಗಿ ಐ ಬರುತ್ತದೆ: ಫಿಶಿಯರ್, ಫಿಶಿಯಸ್ಟ್. ಕ್ರಿಯಾವಿಶೇಷಣ ಫಿಶಿಲಿ, ಭಾವನಾಮ ಫಿಶಿನೆಸ್. ಈ ಎರಡೂ ಬಳಕೆಯಲ್ಲಿ ಅಪರೂಪ. ಗುರುತು ಸಿಕ್ಕರೆ ಸಾಕು.

ಮೊದಲ ಅರ್ಥ ಮೀನಿನ ವಾಸನೆ ಅಥವಾ ರುಚಿ ಉಳ್ಳದ್ದು ಎಂದೇ. ಸಂಶಯದ ಅರ್ಥ 19ನೇ ಶತಮಾನದ ನಡುಭಾಗದ ಹೊತ್ತಿಗೆ ಬಳಕೆಗೆ ಬಂತು. ನಿಘಂಟುಕಾರರು ಇದಕ್ಕೆ ಎರಡು ಕಾರಣ ಕೊಡುತ್ತಾರೆ: ಒಂದು ಕೆಟ್ಟ ವಾಸನೆ, ಇನ್ನೊಂದು ಕೈಗೆ ಸಿಗದೆ ಜಾರುವ ಗುಣ. ವಾಸನೆಯ ಕಾರಣವನ್ನು ಹಿಡಿದುಕೊಂಡರೆ ಪದದ ಬಳಕೆ ಬೇಗ ಮನಸ್ಸಿಗೆ ಹತ್ತುತ್ತದೆ. ಕಡಲ ಮೀನಿನ ಮೈಯಲ್ಲಿ ಟ್ರೈಮಿಥೈಲಮೈನ್ ಆಕ್ಸೈಡ್ ಎಂಬ ವಾಸನೆ ಇಲ್ಲದ ವಸ್ತು ಇರುತ್ತದೆ. ಮೀನು ಸತ್ತ ಮೇಲೆ ಬ್ಯಾಕ್ಟೀರಿಯಾಗಳು ಅದನ್ನು ಟ್ರೈಮಿಥೈಲಮೈನ್ ಆಗಿ ಬದಲಾಯಿಸುತ್ತವೆ. ಮೂಗಿಗೆ ಹೊಡೆಯುವುದು ಈ ಎರಡನೆಯದು. ಹುಣಸೆಹುಳಿ, ನಿಂಬೆಹುಳಿ ಹಾಕಿದರೆ ವಾಸನೆ ತಗ್ಗುವುದಕ್ಕೂ ಕಾರಣ ಇದೆ: ಆಮ್ಲದ ಜೊತೆ ಸೇರಿದ ಟ್ರೈಮಿಥೈಲಮೈನ್ ಗಾಳಿಗೆ ಹಾರುವುದಿಲ್ಲ. ಅಂದರೆ ಈಗಷ್ಟೇ ಹಿಡಿದ ಮೀನು ಅಷ್ಟಾಗಿ ನಾರುವುದಿಲ್ಲ, ಹೊತ್ತಾದದ್ದು ನಾರುತ್ತದೆ. ಕಾರವಾರ, ಅಂಕೋಲಾ ಕಡೆಯಿಂದ ಘಟ್ಟ ಹತ್ತಿ ಹುಬ್ಬಳ್ಳಿಗೆ ಬಂದ ಮೀನನ್ನು ಮಾರುವವರು ‘ತಾಜಾ ಐತ್ರಿ’ ಎನ್ನುತ್ತಿರುವಾಗಲೇ ಮೂಗು ಬೇರೆ ಹೇಳಿದರೆ, ಆ ಹೊತ್ತಿನಲ್ಲಿ ಫಿಶಿ ಪದದ ಎರಡೂ ಅರ್ಥ ಒಂದೇ ಕಡೆ ಕೂಡಿರುತ್ತವೆ. ಬಾಯಿ ಒಂದು ಹೇಳುತ್ತದೆ, ಕುರುಹು ಇನ್ನೊಂದು ಹೇಳುತ್ತದೆ.

ತುಂಗಭದ್ರೆಯಲ್ಲಿ, ಕೆರೆಗಳಲ್ಲಿ ಸಿಗುವ ಸಿಹಿನೀರಿನ ಮೀನಿನಲ್ಲಿ ಈ ವಸ್ತು ತೀರಾ ಕಡಿಮೆ. ಅದಕ್ಕೆ ಬರುವ ಮಣ್ಣಿನ ವಾಸನೆ ಜಿಯೋಸ್ಮಿನ್ ಎಂಬ ಬೇರೆ ವಸ್ತುವಿನದು. ಇಂಗ್ಲಿಷಿನಲ್ಲಿ ಅದಕ್ಕೆ ಮಡಿ (muddy) ಅಥವಾ ಅರ್ಥಿ (earthy) ಎನ್ನಬೇಕು. ಇನ್ನೊಂದು ಎಚ್ಚರ: ಯಾರದೋ ಮನೆಯಲ್ಲಿ ಮೀನಿನ ಸಾರು ಉಂಡು ಹೊಗಳುವಾಗ ‘ಇಟ್ಸ್ ವೆರಿ ಫಿಶಿ’ ಎನ್ನಬಾರದು. ಊಟದ ವಿಷಯದಲ್ಲಿ ಈ ಪದ ಹೆಚ್ಚಾಗಿ ದೂರು, ಮೀನು ಹಳೆಯದು, ವಾಸನೆ ಹೋಗಿಲ್ಲ ಎಂಬ ದೂರು.

ಈಗ ಕನ್ನಡಿಗರಿಗೆ ನಿಜವಾಗಿ ತೊಡಕಾಗುವ ಜಾಗಕ್ಕೆ ಬರೋಣ. ನಮ್ಮಲ್ಲಿ ಸಂಶಯ, ಅನುಮಾನ, ಡೌಟ್ ಮೂರನ್ನೂ ಒಂದರ ಜಾಗದಲ್ಲಿ ಇನ್ನೊಂದನ್ನು ಇಟ್ಟು ಮಾತಾಡುತ್ತೇವೆ. ‘ಅವನೇ ಕದ್ದಾನ ಅಂತ ನನಗ ಡೌಟ್ ಐತಿ’ ಎಂದರೆ ಹುಬ್ಬಳ್ಳಿಯಲ್ಲಿ ಯಾರಿಗಾದರೂ ತಿಳಿಯುತ್ತದೆ, ಕದ್ದವನು ಅವನೇ ಇರಬೇಕು ಎಂದು. ಇದನ್ನೇ ‘ಐ ಡೌಟ್ ದಟ್ ಹಿ ಸ್ಟೋಲ್ ಇಟ್’ ಎಂದು ಇಳಿಸಿದರೆ ಅರ್ಥ ತಲೆಕೆಳಗಾಗುತ್ತದೆ: ಅವನು ಕದ್ದಿರಲಿಕ್ಕಿಲ್ಲ ಎಂದಾಯಿತು. ಡೌಟ್ ಎಂದರೆ ಹಾಗೆ ಇರಲಿಕ್ಕಿಲ್ಲ ಎಂಬ ಅನಿಸಿಕೆ, ಸಸ್ಪೆಕ್ಟ್ ಎಂದರೆ ಹಾಗೆಯೇ ಇರಬೇಕು ಎಂಬ ಅನಿಸಿಕೆ. ಬೇಕಾಗಿದ್ದದ್ದು ‘ಐ ಸಸ್ಪೆಕ್ಟ್ ದಟ್ ಹಿ ಸ್ಟೋಲ್ ಇಟ್’. ಫಿಶಿ ಸೇರುವುದು ಈ ಸಸ್ಪೆಕ್ಟ್‌ನ ಬಳಗಕ್ಕೆ. ಒಳಗೆ ಏನೋ ಮೋಸ ಇದ್ದಂತಿದೆ ಎಂಬ ಕಡೆಗೆ ಅದು ವಾಲುತ್ತದೆ. ‘ನಾಳೆ ಮಳೆ ಬರುವುದು ಡೌಟು’ ಎನ್ನುವ ಕಡೆ ಅದಕ್ಕೆ ಕೆಲಸವೇ ಇಲ್ಲ.

ಸಸ್ಪಿಷಸ್ ಪದಕ್ಕೆ ಎರಡು ಮುಖ. ‘ದ ವಾಚ್‌ಮನ್ ವಾಸ್ ಸಸ್ಪಿಷಸ್’ ಎಂದರೆ ವಾಚ್‌ಮನ್‌ಗೆ ಸಂಶಯ ಬಂತು ಎಂದೂ ಆಗಬಹುದು, ವಾಚ್‌ಮನ್ ಮೇಲೆಯೇ ಸಂಶಯ ಬಂತು ಎಂದೂ ಆಗಬಹುದು. ಸಸ್ಪಿಷಸ್ ನಂತರ ಆಫ್ ಬಂದರೆ ಸಂಶಯ ಪಡುವವನು ಅವನು. ಲುಕ್ಡ್ ಸಸ್ಪಿಷಸ್ ಎಂದು ಬಂದರೆ ಸಾಮಾನ್ಯವಾಗಿ ಸಂಶಯ ಹುಟ್ಟಿಸಿದವನು. ಫಿಶಿಗೆ ಎರಡನೆಯ ಮುಖ ಮಾತ್ರ ಇದೆ. ಸ್ಪಾಟಿಂಗ್ ಎರರ್ಸ್, ಅಂದರೆ ವಾಕ್ಯದಲ್ಲಿ ತಪ್ಪು ಹುಡುಕುವ ಪ್ರಶ್ನೆಯಲ್ಲಿ ಐ, ವಿ, ಹಿ ಇಂಥವು ಕರ್ತೃವಾಗಿದ್ದು ಫಿಶಿ ಜೊತೆಗೆ ಆಫ್ ಅಥವಾ ಅಬೌಟ್ ಬಂದಿದ್ದರೆ ಅಲ್ಲಿ ಕಣ್ಣಿಡಿ. ಅಲ್ಲಿ ಸಸ್ಪಿಷಸ್ ಇರಬೇಕಿತ್ತು.

ಮನುಷ್ಯರ ಬಗ್ಗೆ ಹೇಳಲೇಬೇಕಿದ್ದರೆ ‘ದೇರ್ ಈಸ್ ಸಮ್‌ಥಿಂಗ್ ಫಿಶಿ ಅಬೌಟ್ ಹಿಮ್’ ಎನ್ನುವುದು ಹದವಾದ ರೂಪ. ಬರೀ ‘ಹಿ ಈಸ್ ಫಿಶಿ’ ಎಂದರೆ ಮೈಯೆಲ್ಲ ಮೀನು ನಾರುತ್ತದೆ ಎಂಬ ಅರ್ಥ ಅಡ್ಡ ಬರುತ್ತದೆ.

ಸಮ್‌ಥಿಂಗ್ ಜೊತೆ ಬಂದಾಗ ಪದದ ಸ್ಥಾನ ನೋಡಿಕೊಳ್ಳಿ. ಕನ್ನಡದಲ್ಲಿ ವಿಶೇಷಣ ನಾಮಪದಕ್ಕಿಂತ ಮೊದಲು ಬರುತ್ತದೆ, ಹಾಗಾಗಿ ‘ಫಿಶಿ ಸಮ್‌ಥಿಂಗ್’ ಎಂದು ಬರೆಯುವ ಸೆಳೆತ ಇರುತ್ತದೆ. ಸಮ್‌ಥಿಂಗ್, ಎನಿಥಿಂಗ್, ನಥಿಂಗ್ ಇವುಗಳಲ್ಲಿ ವಿಶೇಷಣ ನಂತರ ಬರುತ್ತದೆ: ಸಮ್‌ಥಿಂಗ್ ಫಿಶಿ, ನಥಿಂಗ್ ಫಿಶಿ. ಡೀಲ್, ಸ್ಟೋರಿ, ಬಿಸಿನೆಸ್ ಇಂಥ ಸಾಮಾನ್ಯ ನಾಮಪದಗಳಿಗೆ ಮಾತ್ರ ಮೊದಲು: ಎ ಫಿಶಿ ಡೀಲ್, ಎ ಫಿಶಿ ಸ್ಟೋರಿ. ವಸ್ತುವಿನ ಬಗ್ಗೆ ಹೇಳುವಾಗ ಅಬೌಟ್, ನಡೆಯುತ್ತಿರುವ ಸಂಗತಿಯಾದರೆ ಗೋಯಿಂಗ್ ಆನ್. ‘ಸಮ್‌ಥಿಂಗ್ ಫಿಶಿ ಇನ್ ದಿಸ್’ ಎಂದು ನಮ್ಮ ಕಡೆ ಬಹಳ ಮಂದಿ ಅನ್ನುತ್ತಾರೆ. ಅದು ‘ಇದರಾಗ’ ಎಂಬುದರ ನೆರಳು. ಮಾತಿನಲ್ಲಿ ತಿಳಿಯುತ್ತದೆ, ಬರೆಯುವಾಗ ಅಬೌಟ್ ಇಡುವುದೇ ಲೇಸು.

ಸ್ಮೆಲ್, ಸೌಂಡ್, ಲುಕ್, ಸೀಮ್ ಎಂಬ ನಾಲ್ಕು ಕ್ರಿಯಾಪದಗಳ ಜೊತೆ ಫಿಶಿ ಹೆಚ್ಚು ಬರುತ್ತದೆ. ಇವುಗಳ ನಂತರ ಬೇಕಾದದ್ದು ವಿಶೇಷಣ. ‘ಇಟ್ ಸ್ಮೆಲ್ಸ್ ಫಿಶಿಲಿ’ ತಪ್ಪು. ಅದಕ್ಕಿಂತ ಹೆಚ್ಚಾಗಿ ಕಾಣುವ ತಪ್ಪು ಕಾಲದ್ದು. ನಾವು ಆಡುವುದು ‘ಯಾಕೋ ಸಂಶೇ ಬರಾಕತ್ತೈತಿ’, ‘ವಾಸನಿ ಹೊಡ್ಯಾಕತ್ತೈತಿ’ ಎಂದು. ಆ ‘ಆಕತ್ತೈತಿ’ ಕಿವಿಯಲ್ಲಿ ಇರುವುದರಿಂದ ‘ಇಟ್ ಈಸ್ ಸ್ಮೆಲಿಂಗ್ ಫಿಶಿ’ ಎಂದು ಬಾಯಿಗೆ ಬರುತ್ತದೆ. ಸ್ಮೆಲ್ ಎಂಬುದು ವಸ್ತುವಿನ ಗುಣ ಹೇಳುವಾಗ ಸ್ಥಿತಿಯ ಕ್ರಿಯಾಪದ, ಐಎನ್‌ಜಿ ರೂಪಕ್ಕೆ ಹೋಗುವುದಿಲ್ಲ: ‘ಇಟ್ ಸ್ಮೆಲ್ಸ್ ಫಿಶಿ’. ಮೂಗಿನ ಹತ್ತಿರ ಹಿಡಿದು ಮೂಸುವ ಕೆಲಸ ಹೇಳುವಾಗ ಮಾತ್ರ ‘ಶಿ ಈಸ್ ಸ್ಮೆಲಿಂಗ್ ದ ಫಿಶ್’ ಸರಿ.

ಎಲ್ಲಿ ಫಿಶಿ, ಎಲ್ಲಿ ಬರೀ ಸ್ಟ್ರೇಂಜ್? ಯಾರೋ ಏನನ್ನೋ ಮುಚ್ಚಿಡುತ್ತಿರಬಹುದೇ ಎಂದು ಕೇಳಿಕೊಳ್ಳಿ. ಬೈಕಿನ ಎಂಜಿನ್ ಸದ್ದು ನಿನ್ನೆಗಿಂತ ಬೇರೆಯಾಗಿದ್ದರೆ ಅದು ಸ್ಟ್ರೇಂಜ್. ಅಲ್ಲಿ ಕಪಟಕ್ಕೆ ಜಾಗ ಇಲ್ಲ. ಅದೇ ಹತ್ತು ವರ್ಷ ಓಡಿದ ಸೆಕೆಂಡ್ ಹ್ಯಾಂಡ್ ಬೈಕಿನ ಮೀಟರ್ 8,000 ಕಿಲೋಮೀಟರ್ ತೋರಿಸುತ್ತಿದೆ, ಫುಟ್‌ರೆಸ್ಟ್ ರಬ್ಬರು ಸವೆದು ನುಣ್ಣಗಾಗಿದೆ, ಬ್ರೇಕ್ ಪೆಡಲ್ ಹೊಳೆಯುತ್ತಿದೆ ಎನ್ನಿ. ‘ದ ಮೀಟರ್ ರೀಡಿಂಗ್ ಲುಕ್ಸ್ ಫಿಶಿ’ ಎನ್ನಲು ಇದಕ್ಕಿಂತ ತಕ್ಕ ಸಂದರ್ಭ ಇಲ್ಲ. ಬ್ರೇಕ್ ಸರಿಯಾಗಿ ಹಿಡಿಯುತ್ತಿಲ್ಲ ಎನ್ನಲು ‘ದ ಬ್ರೇಕ್ಸ್ ಆರ್ ಫಿಶಿ’ ಎನ್ನುವಂತಿಲ್ಲ. ನಂಬುವಂತಿಲ್ಲದ ಯಂತ್ರಕ್ಕೆ, ವೈರಿಂಗ್‌ಗೆ ಬ್ರಿಟಿಷ್ ಇಂಗ್ಲಿಷಿನಲ್ಲಿ ಡಾಜಿ ಎಂಬ ಪದ ಇದೆ. ಡಾಜಿ ಮೋಸದ ವ್ಯವಹಾರಕ್ಕೂ ಹೊಂದುತ್ತದೆ, ಕಳಪೆ ವಸ್ತುವಿಗೂ ಹೊಂದುತ್ತದೆ. ಫಿಶಿ ಮೊದಲನೆಯದಕ್ಕೆ ಮಾತ್ರ. ಶೇಡಿ ಎಂದರೆ ನಡತೆಯೇ ಶುದ್ಧವಿಲ್ಲದ ಮನುಷ್ಯ ಅಥವಾ ದಂಧೆ, ಫಿಶಿಗಿಂತ ಒಂದು ಮೆಟ್ಟಿಲು ಕಠಿಣ. ಸ್ಕೆಚಿ ಎಂಬುದನ್ನು ಅಮೆರಿಕನ್ನರು ಸಂಶಯದ ಅರ್ಥದಲ್ಲಿ ಆಡುತ್ತಾರೆ, ಆದರೆ ಪರೀಕ್ಷೆಯಲ್ಲಿ ಸ್ಕೆಚಿ ಡೀಟೇಲ್ಸ್ ಎಂದು ಬಂದರೆ ಅರೆಬರೆ ವಿವರ ಎಂದೇ ತಿಳಿಯಿರಿ.

ನೆನಪಿಡಬೇಕಾದ ಇನ್ನೊಂದು ಗಡಿ ರುಜುವಾತಿನದು. ಹಾವೇರಿ ಜಿಲ್ಲೆಯ ಬ್ಯಾಡಗಿ ಮೆಣಸಿನಕಾಯಿಗೆ ಬೆಲೆ ಬರುವುದು ಖಾರಕ್ಕಿಂತ ಹೆಚ್ಚಾಗಿ ಬಣ್ಣಕ್ಕೆ. ಆ ಕೆಂಪು ಬಣ್ಣದ ವಸ್ತುಗಳು ಬೆಳಕು, ಬಿಸಿ, ಗಾಳಿಗೆ ಸಿಕ್ಕು ದಿನ ಕಳೆದಂತೆ ಮಾಸುತ್ತವೆ, ಪುಡಿ ಮಾಡಿಟ್ಟರೆ ಇನ್ನೂ ಬೇಗ. ಹೀಗಿರುವಾಗ ಬಿಸಿಲಿಗೆ ಇಟ್ಟ ವರ್ಷದ ಹಿಂದಿನ ಪುಡಿ ಕಡುಗೆಂಪಾಗಿಯೇ ಉಳಿದಿದ್ದರೆ ‘ದ ಕಲರ್ ಲುಕ್ಸ್ ಫಿಶಿ’ ಎನ್ನಬಹುದು. ಒಂದು ಚಮಚ ಪುಡಿಯನ್ನು ಗ್ಲಾಸು ನೀರಿನ ಮೇಲೆ ಉದುರಿಸಿದಾಗ ಬಣ್ಣದ ಗೆರೆಗಳು ಕೆಳಗಿಳಿದರೆ ಸಂಶಯ ಗಟ್ಟಿಯಾಯಿತು, ಆಗಲೂ ಫಿಶಿ ನಡೆಯುತ್ತದೆ. ಲ್ಯಾಬ್ ವರದಿ ಬಂದು ಕೃತಕ ಬಣ್ಣ ಇದೆ ಎಂದಾದ ಮೇಲೆ ಫಿಶಿ ಸಾಲದು, ಅಡಲ್ಟರೇಟೆಡ್, ಅಂದರೆ ಕಲಬೆರಕೆಯಾದದ್ದು ಎನ್ನಬೇಕು. ಸಹಿ ಬೇರೆಯವರದು ಎಂದು ಗೊತ್ತಾದ ದಾಖಲೆ ಫೋರ್ಜ್ಡ್, ಮೋಸ ಎಂದು ಸಾಬೀತಾದ ವ್ಯವಹಾರ ಫ್ರಾಡ್ಯುಲೆಂಟ್. ಮೆಣಸಿನಪುಡಿಯ ವಿಷಯದಲ್ಲಿ ಸ್ಮೆಲ್ಸ್ ಫಿಶಿ ಎನ್ನಬೇಡಿ. ತಿನ್ನುವ ವಸ್ತುವಿನ ಜೊತೆ ಸ್ಮೆಲ್ ಬಂದರೆ ಕೇಳುಗರು ಮೀನಿನ ವಾಸನೆಯನ್ನೇ ಹಿಡಿಯುತ್ತಾರೆ. ಅಲ್ಲಿ ಲುಕ್ಸ್ ಸುರಕ್ಷಿತ.

ಫಿಶಿ ಆಡುಮಾತಿನ ಪದ. ಗೆಳೆಯರ ಚಾಟ್‌ನಲ್ಲಿ, ಮಾತಿನಲ್ಲಿ, ಕಥೆಯ ಸಂಭಾಷಣೆಯಲ್ಲಿ ಚೆನ್ನ. ಬ್ಯಾಂಕಿಗೆ ಬರೆಯುವ ಪತ್ರ, ಪೊಲೀಸ್ ದೂರು, ಡಿಸ್ಕ್ರಿಪ್ಟಿವ್ ಪೇಪರಿನ ಪ್ರಬಂಧ ಇವುಗಳಲ್ಲಿ ಬೇಡ. ನೈಋತ್ಯ ರೈಲ್ವೆಯ ಕೇಂದ್ರ ಕಚೇರಿ ಹುಬ್ಬಳ್ಳಿಯಲ್ಲೇ ಇದೆ. ಅದರ ಹೆಸರು ಹಾಕಿ, ಪರೀಕ್ಷೆ ಇಲ್ಲದೆ ನೌಕರಿ, ಮೊದಲು ಇಷ್ಟು ರೊಕ್ಕ ಕಟ್ಟಿ ಎನ್ನುವ ಪತ್ರ ಒಂದು ಜಿಮೇಲ್ ವಿಳಾಸದಿಂದ ಬಂತು ಎಂದುಕೊಳ್ಳಿ. ರೂಮ್‌ಮೇಟ್‌ಗೆ ಹೇಳುವಾಗ ‘ದಿಸ್ ಆಫರ್ ಸೌಂಡ್ಸ್ ಫಿಶಿ’. ಕನ್ನಡದಲ್ಲಾದರೆ ‘ಇದರಾಗ ಏನೋ ಗೋಲ್‌ಮಾಲ್ ಐತಿ ನೋಡಲೇ’. ಅದೇ ಸಂಗತಿಯನ್ನು ದೂರಿನಲ್ಲಿ ಬರೆಯುವಾಗ ‘ಐ ರಿಸೀವ್ಡ್ ಎ ಸಸ್ಪಿಷಸ್ ಇಮೇಲ್’ ಎಂದು ಬರೆದು, ಏಕೆ ಸಂಶಯ ಎಂಬುದನ್ನು ಮುಂದಿನ ವಾಕ್ಯದಲ್ಲಿ ಹೇಳಬೇಕು: ಯಾವ ವಿಳಾಸ, ಯಾವ ದಿನ, ಎಷ್ಟು ಹಣ ಕೇಳಿದರು. ಹಣ ಹೋಗಿಯೇ ಬಿಟ್ಟಿದ್ದರೆ ಪತ್ರಕ್ಕಿಂತ ಮೊದಲು 1930ಕ್ಕೆ ಫೋನ್ ಮಾಡಿ. ಸೈಬರ್ ವಂಚನೆಯ ದೂರಿಗೆ ಇರುವ ರಾಷ್ಟ್ರೀಯ ಸಹಾಯವಾಣಿ ಅದು, ತಡವಾದಷ್ಟೂ ಹಣ ತಡೆಯುವುದು ಕಷ್ಟ.

ಇಂಥ ಮೇಲ್‌ಗಳ ಮಾತು ಬಂದಾಗ ಫಿಶಿಂಗ್ ಎಂಬ ಇನ್ನೊಂದು ಪದ ಅಡ್ಡ ಬರುತ್ತದೆ. ಪಿ, ಎಚ್ ಅಕ್ಷರಗಳಿಂದ ಶುರುವಾಗುವ ಈ ಪದ 1990ರ ದಶಕದ್ದು. ಗಾಳ ಹಾಕುವಂತೆ ನಕಲಿ ಸಂದೇಶ ಕಳಿಸಿ ಪಾಸ್‌ವರ್ಡ್, ಓಟಿಪಿ ಕದಿಯುವ ನಿರ್ದಿಷ್ಟ ಅಪರಾಧದ ಹೆಸರು. ಉಚ್ಚಾರ ಒಂದೇ ಆದರೂ ಮೀನು ಹಿಡಿಯುವ ಫಿಶಿಂಗ್‌ನ ಕಾಗುಣಿತ ಬೇರೆ. ಫಿಶಿ ಮೇಲ್ ಎಂದರೆ ಸಂಶಯ ಬಂದ ಮೇಲ್ ಅಷ್ಟೇ, ನಿಜವಾದದ್ದೂ ಇರಬಹುದು.

ಉಚ್ಚಾರದಲ್ಲಿ ಮೊದಲ ಸ್ವರ ಹ್ರಸ್ವ, ಫೀ ಎಂದು ಎಳೆಯಬಾರದು. ಒತ್ತು ಮೊದಲ ಅಕ್ಷರದ ಮೇಲೆ. ಫ ಹೇಳುವಾಗ ಎರಡು ತುಟಿ ಕೂಡಿಸಿದರೆ ಪಿಶಿ ಆಗುತ್ತದೆ, ಮೇಲಿನ ಹಲ್ಲು ಕೆಳತುಟಿಗೆ ತಾಗಬೇಕು. ನಡುವಿನದು ಶ. ಅದು ಸ ಆಗಿ ಜಾರಿದರೆ ಕೇಳುಗರಿಗೆ ಫಿಜ್ಜಿ, ಅಂದರೆ ಸೋಡಾದಂತೆ ಗುಳ್ಳೆ ಏಳುವ ಪಾನೀಯದ ಪದ, ಕೇಳಿಸಬಹುದು.

ತಿದ್ದಿ ನೋಡಲು ಮೂರು ವಾಕ್ಯ. ‘ವಿ ಆರ್ ಫಿಶಿ ಆಫ್ ದ ನ್ಯೂ ಏಜೆಂಟ್’: ಸಂಶಯ ಪಡುವವರು ನಾವು, ಆದ್ದರಿಂದ ಸಸ್ಪಿಷಸ್. ‘ಐ ಫೌಂಡ್ ಫಿಶಿ ಸಮ್‌ಥಿಂಗ್ ಇನ್ ದ ಬಿಲ್’: ಸಮ್‌ಥಿಂಗ್ ಫಿಶಿ, ಜೊತೆಗೆ ಅಬೌಟ್ ದ ಬಿಲ್. ‘ದ ಕೋರ್ಟ್ ಹೆಲ್ಡ್ ದಟ್ ದ ಸೇಲ್ ಡೀಡ್ ವಾಸ್ ಫಿಶಿ’: ಕೋರ್ಟು ತೀರ್ಪು ಕೊಟ್ಟಾಗಿದೆ, ಭಾಷೆಯೂ ಔಪಚಾರಿಕ, ಹಾಗಾಗಿ ಇಲ್ಲಿ ಫೋರ್ಜ್ಡ್ ಅಥವಾ ಫ್ರಾಡ್ಯುಲೆಂಟ್.