2023ರ ಚುನಾವಣೆ: ಪುತ್ತೂರಿನ ಲೆಕ್ಕ ಹಿಡಿದು ಓದೋಣ

2023ರ ಮೇ 13, ಕರ್ನಾಟಕ ವಿಧಾನಸಭಾ ಚುನಾವಣೆಯ ಮತ ಎಣಿಕೆಯ ದಿನ. ಎಫ್‌ಡಿಎ (ಪ್ರಥಮ ದರ್ಜೆ ಸಹಾಯಕ) ಪರೀಕ್ಷೆಗೆ ಓದುತ್ತಿದ್ದ ನಾವು ನಾಲ್ಕು ಜನ ಉಡುಪಿಯ ಒಂದು ಹೋಟೆಲಿನಲ್ಲಿ ಗೋಳಿಬಜೆ ತಿನ್ನುತ್ತ ಟಿವಿ ನೋಡುತ್ತಿದ್ದೆವು. ರಾಜ್ಯದಲ್ಲಿ ಕಾಂಗ್ರೆಸ್ ನೂರು ದಾಟಿ ಓಡುತ್ತಿತ್ತು, ನಮ್ಮ ಜಿಲ್ಲೆಯಲ್ಲಿ ಐದಕ್ಕೆ ಐದೂ ಬಿಜೆಪಿ. ಗಲ್ಲೆಯಲ್ಲಿದ್ದವರು ಕೇಳಿದರು, "ಎಂತ ಮಾರಾಯ್ರೆ, ಸರ್ಕಾರ ಬದಲಾದದ್ದು ನಮ್ಮದಾ, ಬೇರೆ ರಾಜ್ಯದ್ದಾ?"

ತಮಾಷೆಗೆ ಅಂದದ್ದು. ಆದರೆ ಈ ಪಾಠದ ಗಂಟು ಅಲ್ಲೇ ಇದೆ.

ಮೊದಲು ಅಂಕಿಗಳು. ಒಟ್ಟು 224 ಸ್ಥಾನ, ಬಹುಮತಕ್ಕೆ 113. ಕಾಂಗ್ರೆಸ್ 135, ಬಿಜೆಪಿ 66, ಜೆಡಿಎಸ್ 19. ಇಷ್ಟನ್ನು ಎಲ್ಲರೂ ಬಾಯಿಪಾಠ ಮಾಡುತ್ತಾರೆ. ಮತ ಪ್ರಮಾಣ ನೋಡುವವರು ಕಡಿಮೆ. ಬಿಜೆಪಿಗೆ 2018ರಲ್ಲಿ ಶೇ. 36ರಷ್ಟು ಮತ, 104 ಸೀಟು. 2023ರಲ್ಲೂ ಶೇ. 36, ಆದರೆ ಸೀಟು 66! ಕಾಂಗ್ರೆಸ್ ಸುಮಾರು 38ರಿಂದ 43ಕ್ಕೆ ಏರಿತು, ಜೆಡಿಎಸ್ ಸುಮಾರು 18ರಿಂದ 13ಕ್ಕೆ ಇಳಿಯಿತು.

ಹಾಗಂತ "ಜೆಡಿಎಸ್ ಬಿಟ್ಟ ಐದು ಕಾಂಗ್ರೆಸ್ಸಿಗೆ ಹೋಯಿತು" ಎಂದು ಬರೆದು ಮುಗಿಸಬೇಡಿ. ಹಳೆ ಮೈಸೂರು ಭಾಗದಲ್ಲಿ ಬಿಜೆಪಿಗೆ ಮತ ಹೆಚ್ಚಿತು, ಗೆಲ್ಲುವಷ್ಟು ಹೆಚ್ಚಲಿಲ್ಲ. ಕಿತ್ತೂರು ಕರ್ನಾಟಕದಲ್ಲಿ ಮತ ಸೋರಿತು, ಜೊತೆಗೆ ಸೀಟೂ ಹೋಯಿತು. ಒಂದು ಕಡೆ ಬಂದದ್ದು ಇನ್ನೊಂದು ಕಡೆ ಹೋದದ್ದಕ್ಕೆ ಸರಿಹೋಗಿ ಒಟ್ಟು ಮಾತ್ರ ಹಾಗೇ ಉಳಿಯಿತು. ನಮ್ಮ ಪದ್ಧತಿಯಲ್ಲಿ ಸೋತ ಮತಕ್ಕೆ ಸೀಟಿಲ್ಲ. ಕ್ಷೇತ್ರದೊಳಗೆ ಎಲ್ಲರಿಗಿಂತ ಒಂದು ಮತ ಹೆಚ್ಚಿದ್ದರೆ ಆಯಿತು.

ಇದನ್ನು ದಕ್ಷಿಣ ಕನ್ನಡದ ಪುತ್ತೂರಿನಷ್ಟು ಚೆನ್ನಾಗಿ ಬೇರೆ ಯಾವ ಕ್ಷೇತ್ರವೂ ಕಲಿಸುವುದಿಲ್ಲ. ಕಾಂಗ್ರೆಸ್ಸಿನ ಅಶೋಕ್ ಕುಮಾರ್ ರೈ 66,607. ಬಿಜೆಪಿ ಟಿಕೆಟ್ ಸಿಗದೆ ಪಕ್ಷೇತರರಾಗಿ ನಿಂತ ಅರುಣ್ ಕುಮಾರ್ ಪುತ್ತಿಲ 62,458. ಬಿಜೆಪಿಯ ಆಶಾ ತಿಮ್ಮಪ್ಪ 37,558. ಎರಡನೆಯ, ಮೂರನೆಯ ಅಂಕಿ ಕೂಡಿಸಿ ನೋಡಿ: ಒಂದು ಲಕ್ಷ ದಾಟುತ್ತದೆ. ಗೆದ್ದವರಿಗೆ ಬಿದ್ದದ್ದು ನೂರಕ್ಕೆ 40 ಕೂಡ ಅಲ್ಲ, ಅಂತರ 4,149. ನಿಯಮದ ಪ್ರಕಾರ ಪೂರ್ಣ ಗೆಲುವೇ ಅದು, ಅರ್ಧ ಗೆಲುವು ಅಂತ ಒಂದಿಲ್ಲ.

ಕರಾವಳಿ ಯಾವಾಗಲೂ ಒಂದೇ ಪಕ್ಷದ್ದು ಎಂಬ ಮಾತನ್ನೂ ನಂಬಬೇಡಿ. 2013ರಲ್ಲಿ ದಕ್ಷಿಣ ಕನ್ನಡದ ಎಂಟರಲ್ಲಿ ಏಳು ಕಾಂಗ್ರೆಸ್ಸಿಗೆ, ಸುಳ್ಯ ಮಾತ್ರ ಬಿಜೆಪಿಗೆ. 2018ರಲ್ಲಿ ಪೂರಾ ಮಗುಚಿ ಏಳು ಬಿಜೆಪಿಗೆ. 2023ರಲ್ಲಿ ಆರು.

ಚುನಾವಣೆ ಇಲ್ಲದೆಯೂ ಸರ್ಕಾರ ಬದಲಾಗುತ್ತದೆ, ಇದು ಪರೀಕ್ಷೆಗೆ ಬೇಕು. 2019ರ ಜುಲೈ 23ರಂದು ಕುಮಾರಸ್ವಾಮಿ ಸರ್ಕಾರ ವಿಶ್ವಾಸಮತದಲ್ಲಿ 99-105ರಿಂದ ಸೋತು ಬಿತ್ತು. ಇನ್ನು ಚುನಾವಣೆಯ ವಿಷಯಕ್ಕೆ ಬಂದರೆ, 1985ರ ನಂತರ ಕರ್ನಾಟಕದಲ್ಲಿ ಆಳುವ ಪಕ್ಷ ಗೆದ್ದು ಮತ್ತೆ ಬಂದದ್ದಿಲ್ಲ.

2023ರಲ್ಲಿ ದಕ್ಷಿಣ ಕನ್ನಡದಲ್ಲಿ ಕಾಂಗ್ರೆಸ್ ಗೆದ್ದ ಇನ್ನೊಂದು ಕ್ಷೇತ್ರ ಮಂಗಳೂರು. ಅಲ್ಲಿ ಗೆದ್ದ ಯು.ಟಿ. ಖಾದರ್ ಮೇ 24ರಂದು ವಿಧಾನಸಭಾಧ್ಯಕ್ಷರಾದರು. ಹೆಸರು ಮಂಗಳೂರು ಅಂತಿದ್ದರೂ ಅದು ಉಳ್ಳಾಲದ ಕಡೆಯ ಕ್ಷೇತ್ರ. ಪೇಟೆಯದ್ದು ಮಂಗಳೂರು ನಗರ ಉತ್ತರ, ನಗರ ದಕ್ಷಿಣ ಅಂತ ಬೇರೆ ಎರಡು, ಎರಡೂ ಬಿಜೆಪಿಗೆ. ಹೊಂದಿಸಿ ಬರೆಯುವ ಪ್ರಶ್ನೆಯಲ್ಲಿ, ಕರಾವಳಿಯವನೇ ಆಗಿ, ನಾನು ಅಂಕ ಕಳೆದುಕೊಂಡದ್ದು ಇಲ್ಲೇ.