ಹಳೆ ಲ್ಯಾಪ್‌ಟಾಪ್‌ನಲ್ಲಿ ವೈಫೈ ಬರುತ್ತಿಲ್ಲವೇ? ಮೊದಲು ಕಾರ್ಡಿನ ನಂಬರ್ ನೋಡಿ

2025ರ ಅಕ್ಟೋಬರ್ 14ಕ್ಕೆ ವಿಂಡೋಸ್ 10ರ ಮಾಮೂಲಿ ಸಪೋರ್ಟ್ ಮುಗಿಯಿತು. ಆಮೇಲೆ ಕಲಬುರಗಿಯ ನಮ್ಮ ಅಂಗಡಿಗೆ ಇದೇ ದೂರು ಜಾಸ್ತಿ ಬರುತ್ತಿದೆ. ಹೊಸ ವಿಂಡೋಸ್ ಹಾಕಿಸಿರುತ್ತಾರೆ, ಎಲ್ಲ ಸರಿ ಇರುತ್ತದೆ, ವೈಫೈ ಮಾತ್ರ ಇಲ್ಲ. ‘ಕಾರ್ಡ್ ಸುಟ್ಟು ಹೋಗ್ಯಾದೇನ್ರಿ ಸರ?’ ಅಂತ ಗಾಬರಿಯಿಂದ ಕೇಳುತ್ತಾರೆ. ಹೆಚ್ಚಿನ ಸಲ ಕಾರ್ಡಿಗೆ, ಅಂದರೆ ಲ್ಯಾಪ್‌ಟಾಪ್ ಒಳಗೆ ವೈಫೈ ಹಿಡಿಯುವ ಭಾಗಕ್ಕೆ, ಏನೂ ಆಗಿರುವುದಿಲ್ಲ. ಅದಕ್ಕೆ ತಕ್ಕ ಡ್ರೈವರ್, ಅಂದರೆ ಕಾರ್ಡನ್ನು ವಿಂಡೋಸ್ ಜೊತೆ ಮಾತಾಡಿಸುವ ಸಾಫ್ಟ್‌ವೇರ್, ಸಿಕ್ಕಿರುವುದಿಲ್ಲ, ಅಷ್ಟೇ.

ವಿಂಡೋಸ್‌ನಲ್ಲಿ ಲ್ಯಾಪ್‌ಟಾಪ್‌ನ ಭಾಗಗಳ ಪಟ್ಟಿ ತೋರಿಸುವ ಡಿವೈಸ್ ಮ್ಯಾನೇಜರ್ ತೆರೆಯಿರಿ. ‘ನೆಟ್‌ವರ್ಕ್ ಕಂಟ್ರೋಲರ್’ ಅಂತ ಹಳದಿ ಗುರುತಿನ ಜೊತೆ ಕಂಡರೆ ಕಾರ್ಡ್ ಬದುಕಿದೆ ಎಂದೇ ಅರ್ಥ. ಏನೂ ಕಾಣದಿದ್ದರೆ ಲ್ಯಾಪ್‌ಟಾಪ್ ಅಂಚಿನ ವೈಫೈ ಸ್ವಿಚ್ ನೋಡಿ. ಹಳೆ ಮಾಡೆಲ್‌ಗಳಲ್ಲಿ ಅದು ಇರುತ್ತಿತ್ತು.

ಈಗ ಆ ‘ನೆಟ್‌ವರ್ಕ್ ಕಂಟ್ರೋಲರ್’ ಮೇಲೆ ರೈಟ್ ಕ್ಲಿಕ್ ಮಾಡಿ ಪ್ರಾಪರ್ಟೀಸ್, ಅದರಲ್ಲಿ ಡೀಟೇಲ್ಸ್, ಅದರಲ್ಲಿ ಹಾರ್ಡ್‌ವೇರ್ ಐಡಿ. ಅಲ್ಲಿ ‘ವೆನ್’ (VEN) ಮುಂದಿನ ನಾಲ್ಕು ಅಕ್ಷರ ಚಿಪ್ ಯಾರದು ಅಂತ ಹೇಳುತ್ತದೆ: 8086 ಇದ್ದರೆ ಇಂಟೆಲ್, 14E4 ಬ್ರಾಡ್‌ಕಾಮ್, 10EC ರಿಯಲ್‌ಟೆಕ್, 168C ಅಥೆರೋಸ್. ‘ಡೆವ್’ (DEV) ಮುಂದಿನದು ಚಿಪ್‌ನ ಮಾಡೆಲ್. ಈ ಎರಡನ್ನೂ ಬರೆದುಕೊಂಡ ಮೇಲೇ ಡ್ರೈವರ್ ಹುಡುಕಿ. ಒಂದೇ ಮಾಡೆಲ್ ಲ್ಯಾಪ್‌ಟಾಪ್‌ನಲ್ಲೂ ಕಂಪನಿಯವರು ಬೇರೆ ಬೇರೆ ಕಾರ್ಡ್ ಹಾಕಿರುತ್ತಾರೆ. ‘ಎಲ್ಲ ಡ್ರೈವರ್ ಒಂದೇ ಕ್ಲಿಕ್‌ನಲ್ಲಿ’ ಅನ್ನುವ ಸಾಫ್ಟ್‌ವೇರ್ ಹಾಕಬೇಡಿ ಅಂತ ಕೈಮುಗಿದು ಕೇಳುತ್ತೇನೆ. ವೈಫೈ ಬರುತ್ತದೋ ಇಲ್ಲವೋ, ಬೇಡದ್ದೆಲ್ಲ ಒಳಗೆ ಬಂದು ಕೂರುತ್ತದೆ.

ಡೌನ್‌ಲೋಡ್‌ಗೆ ನೆಟ್ ಎಲ್ಲಿಂದ ಅಂತೀರಾ? ಮೊಬೈಲನ್ನು ಕೇಬಲ್‌ನಿಂದ ಜೋಡಿಸಿ ಮೊಬೈಲ್ ಸೆಟ್ಟಿಂಗ್ಸ್‌ನಲ್ಲಿ ಯುಎಸ್‌ಬಿ ಟೆದರಿಂಗ್ ಆನ್ ಮಾಡಿ, ಮೊಬೈಲಿನ ನೆಟ್ ಲ್ಯಾಪ್‌ಟಾಪ್‌ಗೆ ಬರುತ್ತದೆ. ಮೊದಲು ವಿಂಡೋಸ್ ಅಪ್‌ಡೇಟ್ ಓಡಿಸಿ. ಎಷ್ಟೋ ಸಲ ಅಲ್ಲೇ ಕೆಲಸ ಮುಗಿಯುತ್ತದೆ. ಇಲ್ಲದಿದ್ದರೆ ಲ್ಯಾಪ್‌ಟಾಪ್ ಕಂಪನಿಯ ಸಪೋರ್ಟ್ ಪುಟಕ್ಕೆ ಹೋಗಿ. ಅಲ್ಲಿ ವಿಂಡೋಸ್ 7 ಅಥವಾ 8.1ರ ಡ್ರೈವರ್ ಮಾತ್ರ ಇದ್ದರೂ ಬಿಡಬೇಡಿ, 64 ಬಿಟ್‌ನದು ತಗೊಳ್ಳಿ. ಸೆಟಪ್ ಒತ್ತಿದರೆ ‘ಈ ವಿಂಡೋಸ್‌ಗೆ ಆಗಲ್ಲ’ ಅನ್ನಬಹುದು. ಎಷ್ಟೋ ಸಲ ತಕರಾರು ಸೆಟಪ್‌ನದು, ಒಳಗಿನ ಡ್ರೈವರ್‌ನದಲ್ಲ. ಡೌನ್‌ಲೋಡ್ ಆದ ಫೈಲನ್ನು ಒಂದು ಫೋಲ್ಡರ್‌ಗೆ ಬಿಚ್ಚಿ (ಎಕ್ಸ್‌ಟ್ರಾಕ್ಟ್ ಮಾಡಿ), ಡಿವೈಸ್ ಮ್ಯಾನೇಜರ್‌ನ ‘ಅಪ್‌ಡೇಟ್ ಡ್ರೈವರ್’ನಲ್ಲಿ ‘ಬ್ರೌಸ್ ಮೈ ಕಂಪ್ಯೂಟರ್’ ಆರಿಸಿ, ಆ ಫೋಲ್ಡರ್ ತೋರಿಸಿ. ಕಾರ್ಡಿನ ನಂಬರ್ ಅದರಲ್ಲಿದ್ದರೆ ವಿಂಡೋಸ್ ತಾನೇ ಹಿಡಿದುಕೊಳ್ಳುತ್ತದೆ. ಇದಕ್ಕೂ ಮುಂಚೆ ಒಂದು ರಿಸ್ಟೋರ್ ಪಾಯಿಂಟ್ ಇಟ್ಟುಕೊಳ್ಳುವುದು ಒಳ್ಳೆಯದು, ಏನಾದರೂ ಕೆಟ್ಟರೆ ವಿಂಡೋಸನ್ನು ಮೊದಲಿನ ಸ್ಥಿತಿಗೆ ತರಬಹುದು.

ಡ್ರೈವರ್ ಕೂತ ಮೇಲೂ ಮನೆ ವೈಫೈ ಹೆಸರು ಕಾಣುತ್ತಿಲ್ಲವಾ? ವೈಫೈ ಸಿಗ್ನಲ್‌ಗೆ 2.4, 5 ಗಿಗಾಹರ್ಟ್ಸ್ ಅಂತ ಬೇರೆ ಬೇರೆ ಬ್ಯಾಂಡ್ ಇವೆ. ಹಳೆ ಕಾರ್ಡುಗಳಲ್ಲಿ ಬಹಳಷ್ಟು 2.4 ಗಿಗಾಹರ್ಟ್ಸ್‌ನವು, 5 ಗಿಗಾಹರ್ಟ್ಸ್ ಅವಕ್ಕೆ ಕಾಣುವುದೇ ಇಲ್ಲ. ರೌಟರ್‌ನಲ್ಲಿ 2.4 ಆನ್ ಮಾಡಿಸಿ. ರೌಟರ್‌ನ ಸೆಕ್ಯುರಿಟಿಯಲ್ಲಿ ಹೊಸ ಬಗೆಯ ಡಬ್ಲ್ಯೂಪಿಎ3 (WPA3) ಒಂದೇ ಇದ್ದರೆ ಹಳೆಯ ಡಬ್ಲ್ಯೂಪಿಎ2 (WPA2) ಕೂಡ ಸೇರಿಸಿ.