ಡಿಎಲ್‌ಎಲ್ ಫೈಲಿಗೆ ಯಾರ ಸಹಿ ಇದೆ, ನೋಡಿದಿರಾ?

ಭತ್ತದ ಸುಗ್ಗಿ ಶುರುವಾಯಿತೆಂದರೆ ಗಂಗಾವತಿ, ಕಾರಟಗಿ, ಸಿಂಧನೂರು ಕಡೆಯ ರೈಸ್ ಮಿಲ್ಲುಗಳಿಂದ ಬರುವ ಫೋನುಗಳಲ್ಲಿ ಈ ಮಾತು ಇದ್ದೇ ಇರುತ್ತದೆ: “ಸರ್ರ, ಕಾಟಾದ ಸಾಫ್ಟ್‌ವೇರ್ ಓಪನ್ ಆಗವಲ್ದು. ಅದ್ಯಾವ್ದೋ ಡಿಎಲ್‌ಎಲ್ ಇಲ್ಲ ಅಂತ ಬರಾಕತ್ತೈತಿ.” ಹೊರಗೆ ಭತ್ತ ಹೇರಿದ ಟ್ರ್ಯಾಕ್ಟರುಗಳು ಸಾಲುಗಟ್ಟಿರುತ್ತವೆ. ಲೋಡಿನ ತೂಕ ನೋಡುವ ಕಾಟಾ ರೂಮಿನ ಹುಡುಗ ಆ ಫೈಲಿನ ಹೆಸರನ್ನು ಗೂಗಲ್‌ಗೆ ಹಾಕುತ್ತಾನೆ. ಮೊದಲಿಗೇ ಕಾಣುವುದು ಡಿಎಲ್‌ಎಲ್ ಪುಕ್ಕಟೆ ಕೊಡುವ ಯಾವುದೋ ತಾಣ. ಅಲ್ಲಿಂದ ಇಳಿಸಿ ವಿಂಡೋಸಿನ ಸ್ವಂತ ಫೈಲುಗಳಿರುವ ಸಿಸ್ಟಂ32 ಫೋಲ್ಡರಿಗೆ ಹಾಕುತ್ತಾನೆ. ಒಮ್ಮೊಮ್ಮೆ ಕಾಟಾ ಶುರುವೂ ಆಗಿಬಿಡುತ್ತದೆ. ನನಗೆ ಭಯವಾಗುವುದು ಹಾಗೆ ಶುರುವಾದಾಗಲೇ.

ಡಿಎಲ್‌ಎಲ್ ಎಂದರೆ ಹಲವು ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಕೋಡ್ ಇರುವ ಫೈಲು. ಅದು ತಾನಾಗಿ ಓಡುವುದಿಲ್ಲ. ಯಾವುದಾದರೂ ಪ್ರೋಗ್ರಾಂ ಕರೆದಾಗ ಅದರ ಮೆಮೊರಿಯೊಳಗೆ ಸೇರಿಕೊಂಡು, ಆ ಪ್ರೋಗ್ರಾಂಗೆ ಇರುವ ಅಧಿಕಾರವನ್ನೆಲ್ಲ ತಾನೂ ಪಡೆಯುತ್ತದೆ. ನಮ್ಮ ಕಡೆ ಕಾಟಾ ಸಾಫ್ಟ್‌ವೇರುಗಳನ್ನು ಅಡ್ಮಿನಿಸ್ಟ್ರೇಟರ್ ಆಗಿಯೇ ಓಡಿಸುವುದು ರೂಢಿ. ಅದೇ ಸಿಸ್ಟಂನಲ್ಲಿ ಬ್ಯಾಂಕ್ ಲಾಗಿನ್, ಜಿಎಸ್‌ಟಿ, ಇ-ವೇ ಬಿಲ್ಲು ಎಲ್ಲವೂ ಇರುತ್ತದೆ. ಗೊತ್ತಿಲ್ಲದ ತಾಣದ ಡಿಎಲ್‌ಎಲ್ ಹಾಕುವುದೆಂದರೆ ಇಷ್ಟಕ್ಕೂ ಕೀಲಿ ಕೊಟ್ಟಂತಾಯಿತು.

ಹಾಗಾದರೆ ಒಂದು ಫೈಲು ಅಸಲಿಯೋ ನಕಲಿಯೋ ಎಂದು ತಿಳಿಯುವುದು ಹೇಗೆ? ಹೆಚ್ಚಿನವರು ರೈಟ್ ಕ್ಲಿಕ್ ಮಾಡಿ ಪ್ರಾಪರ್ಟೀಸ್ ತೆರೆದು ಡೀಟೇಲ್ಸ್ ಟ್ಯಾಬ್ ನೋಡುತ್ತಾರೆ. ಫೈಲ್ ವಿವರಣೆ, ನಾಲ್ಕು ಭಾಗದ ಆವೃತ್ತಿ ಸಂಖ್ಯೆ, ಮೂಲ ಹೆಸರು, “ಮೈಕ್ರೋಸಾಫ್ಟ್ ಕಾರ್ಪೊರೇಷನ್” ಎಂಬ ಕಾಪಿರೈಟ್ ಸಾಲು, ಎಲ್ಲವೂ ಅಲ್ಲಿರುತ್ತದೆ. ಅದನ್ನು ಕಂಡು ಸಮಾಧಾನಪಡುತ್ತಾರೆ. ಆದರೆ ಆ ವಿವರವೆಲ್ಲ ಫೈಲು ತಯಾರಿಸಿದವರು ತಾವೇ ತುಂಬಿದ್ದು, ಯಾರು ಏನು ಬೇಕಾದರೂ ತುಂಬಬಹುದು. ಖಾಲಿ ಚೀಲದ ಮೇಲೆ ಸೋನಾ ಮಸೂರಿ ಎಂದು ಅಚ್ಚು ಹಾಕಿಸಿದರೆ ಒಳಗಿನ ಅಕ್ಕಿ ಸೋನಾ ಮಸೂರಿಯೇ ಎಂದು ಮಿಲ್ಲಿನವರು ಯಾರೂ ನಂಬುವುದಿಲ್ಲ. ಡೀಟೇಲ್ಸ್ ಟ್ಯಾಬಿಗೆ ಇರುವ ಬೆಲೆಯೂ ಅಷ್ಟೇ.

ಪುರಾವೆ ಇರುವುದು ಪಕ್ಕದ ಡಿಜಿಟಲ್ ಸಿಗ್ನೇಚರ್ಸ್ ಟ್ಯಾಬಿನಲ್ಲಿ. ಮೈಕ್ರೋಸಾಫ್ಟ್ 1996ರಿಂದ ಬಳಸುತ್ತಿರುವ ಈ ಪದ್ಧತಿಯ ಹೆಸರು ಆಥೆಂಟಿಕೋಡ್. ನಿಮ್ಮ ಆಡಿಟರ್ ಹತ್ತಿರ ಇರುವ ಡಿಎಸ್‌ಸಿ (ಡಿಜಿಟಲ್ ಸಹಿಯ ಸರ್ಟಿಫಿಕೇಟ್) ಟೋಕನ್ ನೋಡಿದ್ದೀರಲ್ಲ, ಜಿಎಸ್‌ಟಿ ರಿಟರ್ನಿಗೆ, ಇ-ಟೆಂಡರಿಗೆ ಸಹಿ ಹಾಕುವಂಥದ್ದು? ಅದರ ಒಳಗಿನ ಗಣಿತವೂ ಇದೂ ಒಂದೇ. ನಮ್ಮ ಡಿಎಸ್‌ಸಿ 2000ದ ಮಾಹಿತಿ ತಂತ್ರಜ್ಞಾನ ಕಾಯ್ದೆಯಡಿ ಪರವಾನಗಿ ಪಡೆದ ಸಂಸ್ಥೆಗಳಿಂದ ಬರುತ್ತದೆ. ಸಾಫ್ಟ್‌ವೇರಿಗೆ ಹಾಕುವ ಸಹಿಯ ಸರ್ಟಿಫಿಕೇಟ್ ಕೊಡುವವರು ವಿಂಡೋಸ್ ನಂಬುವ ಬೇರೆ ಸಂಸ್ಥೆಗಳು. 2023ರ ಜೂನ್ 1ರಿಂದ ಅವರ ನಿಯಮದಂತೆ ಸಾಫ್ಟ್‌ವೇರ್ ಸಹಿಯ ಖಾಸಗಿ ಕೀಲಿಯನ್ನೂ (ಸಹಿ ಹಾಕಲು ಬೇಕಾದ ಗುಟ್ಟಿನ ಸಂಖ್ಯೆ) ಟೋಕನ್‌ನಂಥ ಹಾರ್ಡ್‌ವೇರಿನಲ್ಲೇ ಇಡಬೇಕು.

ಸಹಿ ಹಾಕುವಾಗ ಫೈಲಿನ ಬೈಟುಗಳಿಂದ ಒಂದು ಹ್ಯಾಷ್, ಅಂದರೆ ಆ ಫೈಲಿನ ಬೆರಳಚ್ಚಿನಂಥ ಸಂಖ್ಯೆ, ಲೆಕ್ಕ ಹಾಕುತ್ತಾರೆ. ಈಗ ಬಳಸುವುದು ಎಸ್‌ಎಚ್‌ಎ-256 ಎಂಬ ಲೆಕ್ಕದ ವಿಧಾನ. ಫೈಲಿನಲ್ಲಿ ಒಂದೇ ಒಂದು ಅಕ್ಷರ ಬದಲಾದರೂ ಹ್ಯಾಷ್ ಪೂರ್ತಿ ಬೇರೆಯಾಗುತ್ತದೆ. ಆ ಹ್ಯಾಷ್‌ಗೆ ಖಾಸಗಿ ಕೀಲಿಯಿಂದ ಸಹಿ ಹಾಕಿ, ಸರ್ಟಿಫಿಕೇಟಿನ ಜೊತೆ ಫೈಲಿನೊಳಗೇ ಒಂದು ಕಡೆ ಸೇರಿಸುತ್ತಾರೆ. ಲೆಕ್ಕ ಹಾಕುವಾಗ ಮೂರು ಜಾಗ ಬಿಡುತ್ತಾರೆ: ಹೆಡರಿನ ಚೆಕ್‌ಸಮ್, ಸಹಿ ಎಲ್ಲಿದೆ ಎಂದು ಹೇಳುವ ನಮೂದು, ಸಹಿ ಕೂತಿರುವ ಭಾಗ. ಸಹಿ ಸೇರಿಸಿದಾಗ ಈ ಮೂರೂ ಬದಲಾಗುತ್ತವಾದ್ದರಿಂದ ಬಿಡಲೇಬೇಕು. ಈ ಬಿಟ್ಟ ಜಾಗವನ್ನು ನೆನಪಿಟ್ಟುಕೊಳ್ಳಿ, ಅದರ ವಿಷಯ ಮುಂದೆ ಇದೆ.

ಟ್ಯಾಬ್ ಕಂಡ ಮಾತ್ರಕ್ಕೆ ಕೆಲಸ ಮುಗಿಯಲಿಲ್ಲ. ಸಹಿ ಕೆಟ್ಟಿದ್ದರೂ ಆ ಟ್ಯಾಬ್ ಬರುತ್ತದೆ. ಪಟ್ಟಿಯಲ್ಲಿರುವ ಹೆಸರನ್ನು ಆರಿಸಿ, ಕೆಳಗಿನ ಡೀಟೇಲ್ಸ್ ಬಟನ್ ಒತ್ತಿ. ಸಹಿ ಸರಿಯಿದೆ ಎಂಬ ಸಾಲು ಅಲ್ಲಿ ಬರಬೇಕು. ಫೈಲಿನಲ್ಲಿ ಯಾರಾದರೂ ಕೈಯಾಡಿಸಿದ್ದರೆ ಸಹಿ ಸಿಂಧುವಲ್ಲ ಎಂದು ಬರುತ್ತದೆ. ಯಾರೋ ತಾವೇ ತಯಾರಿಸಿಕೊಂಡ ಸರ್ಟಿಫಿಕೇಟಿನಲ್ಲಿ ಮೈಕ್ರೋಸಾಫ್ಟ್ ಎಂದು ಹೆಸರು ಬರೆದುಕೊಂಡಿದ್ದರೆ, ಸರ್ಟಿಫಿಕೇಟುಗಳ ಸರಪಳಿ ನಂಬಿಕೆಯಿಲ್ಲದ ಮೂಲದಲ್ಲಿ ಕೊನೆಯಾಗಿದೆ ಎಂದು ಹೇಳುತ್ತದೆ. ಇಲ್ಲಿ ಒಂದು ಎಚ್ಚರ: ಇದನ್ನೆಲ್ಲ ವಿಂಡೋಸ್ ತಾನಾಗಿ ನೋಡುತ್ತದೆ ಎಂದು ತಿಳಿಯಬೇಡಿ. 64 ಬಿಟ್ ವಿಂಡೋಸ್ ಡ್ರೈವರುಗಳ (ಪ್ರಿಂಟರಿನಂಥ ಸಾಧನಗಳನ್ನು ನಡೆಸುವ ಫೈಲುಗಳ) ವಿಷಯದಲ್ಲಿ ಸಹಿ ಕೇಳುತ್ತದೆ. ಸಾಮಾನ್ಯ ಡಿಎಲ್‌ಎಲ್ ಆದರೆ ಸಹಿ ಇಲ್ಲದಿದ್ದರೂ, ಕೆಟ್ಟಿದ್ದರೂ ಎಂದಿನಂತೆ ಲೋಡ್ ಮಾಡಿಬಿಡುತ್ತದೆ. ನೋಡಬೇಕಾದವರು ನಾವು.

ಪಟ್ಟಿಯಲ್ಲಿ ಟೈಮ್‌ಸ್ಟ್ಯಾಂಪ್ ಎಂಬ ಕಾಲಂ ಇರುತ್ತದೆ. ಸಹಿ ಹಾಕಿದ್ದು ಯಾವಾಗ ಎಂಬುದಕ್ಕೆ ಬೇರೊಂದು ಸಂಸ್ಥೆ ಹಾಕಿದ ಸಾಕ್ಷಿ ಅದು. ಅದಿದ್ದರೆ ಸರ್ಟಿಫಿಕೇಟಿನ ಅವಧಿ ಮುಗಿದ ಮೇಲೂ ಸಹಿ ಊರ್ಜಿತವಾಗಿಯೇ ಉಳಿಯುತ್ತದೆ. ಸರ್ಟಿಫಿಕೇಟ್ 2018ಕ್ಕೇ ಮುಗಿದಿದೆ ಎಂದು ಒಳ್ಳೆಯ ಫೈಲನ್ನು ಅಳಿಸಿದವರಿದ್ದಾರೆ. ಟೈಮ್‌ಸ್ಟ್ಯಾಂಪ್ ಇಲ್ಲದ ಸಹಿಯನ್ನು ವಿಂಡೋಸ್ ಈ ಹೊತ್ತಿನ ತಾರೀಖಿಗೆ ಹಿಡಿದು ನೋಡುತ್ತದೆ. ಮದರ್‌ಬೋರ್ಡಿನ ಬ್ಯಾಟರಿ ಸತ್ತು ಸಿಸ್ಟಂ ತಾರೀಖು ಹತ್ತು ವರ್ಷ ಹಿಂದಕ್ಕೆ ಹೋಗಿದ್ದರೆ ಅಂಥ ಸಹಿ ಕೆಟ್ಟದ್ದೆಂದೇ ಕಾಣುತ್ತದೆ. ಮಿಲ್ಲಿನ ಸಿಸ್ಟಂಗಳಲ್ಲಿ ಇದು ಹೊಸದೇನಲ್ಲ, ಮೊದಲು ಗಡಿಯಾರ ನೋಡಿ.

ಇನ್ನು ನನ್ನ ಪ್ರಕಾರ ಜನ ಹೆಚ್ಚು ಎಡವುವ ಜಾಗ. ಸಿಸ್ಟಂ32ರಲ್ಲಿ ಒಂದು ಫೈಲಿನ ಪ್ರಾಪರ್ಟೀಸ್ ತೆರೆದಾಗ ಡಿಜಿಟಲ್ ಸಿಗ್ನೇಚರ್ಸ್ ಟ್ಯಾಬೇ ಇರುವುದಿಲ್ಲ. “ಇದು ವೈರಸ್ಸೇ” ಎಂದು ಡಿಲೀಟ್ ಮಾಡಲು ಹೊರಡುತ್ತಾರೆ. ಮರುದಿನ ಸಿಸ್ಟಂ ಬೂಟ್ ಆಗದೆ ನನ್ನ ಟೇಬಲ್ಲಿಗೆ ಬರುತ್ತದೆ. ವಿಂಡೋಸಿನ ಸ್ವಂತ ಫೈಲುಗಳಲ್ಲಿ ಎಷ್ಟೋ ಫೈಲುಗಳ ಒಳಗೆ ಸಹಿ ಇರುವುದಿಲ್ಲ. ಅವುಗಳ ಹ್ಯಾಷ್‌ಗಳನ್ನೆಲ್ಲ ಒಂದು ಕ್ಯಾಟಲಾಗ್ ಫೈಲಿನಲ್ಲಿ ಪಟ್ಟಿ ಮಾಡಿ, ಆ ಕ್ಯಾಟಲಾಗಿಗೆ ಮೈಕ್ರೋಸಾಫ್ಟ್ ಸಹಿ ಹಾಕಿರುತ್ತದೆ. ಈ ಕ್ಯಾಟಲಾಗುಗಳು ಸಿಸ್ಟಂ32ರ ಒಳಗಿನ ಕ್ಯಾಟ್‌ರೂಟ್ ಫೋಲ್ಡರಿನಲ್ಲಿವೆ. ವಿಂಡೋಸ್ 10ರ ನೋಟ್‌ಪ್ಯಾಡ್ ಪ್ರೋಗ್ರಾಮನ್ನೇ ನೋಡಿ, ಟ್ಯಾಬ್ ಇಲ್ಲ, ಆದರೂ ಸಹಿ ಇರುವ ಫೈಲೇ. ಇದನ್ನು ತಿಳಿಯಲು ಪವರ್‌ಶೆಲ್ ತೆರೆದು ಗೆಟ್-ಆಥೆಂಟಿಕೋಡ್‌ಸಿಗ್ನೇಚರ್ ಎಂಬ ಕಮಾಂಡಿನ ಮುಂದೆ ಫೈಲಿನ ದಾರಿ ಕೊಡಿ. ವ್ಯಾಲಿಡ್ ಎಂದು ಬಂದರೆ ಅದು ಕ್ಯಾಟಲಾಗನ್ನೂ ಹುಡುಕಿ ಕೊಟ್ಟ ಉತ್ತರ. ನಾನು ಹೆಚ್ಚು ಬಳಸುವುದು ಮೈಕ್ರೋಸಾಫ್ಟ್‌ನ ಸಿಸ್‌ಇಂಟರ್ನಲ್ಸ್ ಸರಣಿಯ ಸಿಗ್‌ಚೆಕ್ ಎಂಬ ಟೂಲು. ಸಹಿ, ಸಹಿಯ ತಾರೀಖು, ಪ್ರಕಾಶಕರ ಹೆಸರು, 32 ಬಿಟ್ಟೋ 64 ಬಿಟ್ಟೋ ಎಲ್ಲವನ್ನೂ ಒಂದೇ ಸಲಕ್ಕೆ ಹೇಳುತ್ತದೆ, ಮೈಕ್ರೋಸಾಫ್ಟ್ ತಾಣದಲ್ಲೇ ಉಚಿತವಾಗಿ ಸಿಗುತ್ತದೆ. ಅದು ಕೆಲವು ಫೈಲುಗಳ ತಯಾರಿಕೆಯ ತಾರೀಖನ್ನು ಎಷ್ಟೋ ವರ್ಷ ಮುಂದಿನದಾಗಿ ತೋರಿಸಿದರೆ ಗಾಬರಿ ಬೇಡ. ವಿಂಡೋಸ್ 10ರಿಂದೀಚೆಗೆ ಮೈಕ್ರೋಸಾಫ್ಟ್ ಆ ಜಾಗದಲ್ಲಿ ತಾರೀಖಿನ ಬದಲು ಹ್ಯಾಷ್ ತುಂಬುತ್ತಿದೆ.

32, 64ರ ಗೊಂದಲದಿಂದಲೂ ಬಹಳ ಹೊತ್ತು ಹಾಳಾಗುತ್ತದೆ. 64 ಬಿಟ್ ವಿಂಡೋಸಿನಲ್ಲಿ 64 ಬಿಟ್ ಫೈಲುಗಳಿರುವುದು ಸಿಸ್ಟಂ32ರಲ್ಲಿ, 32 ಬಿಟ್ ಫೈಲುಗಳಿರುವುದು ಸಿಸ್‌ವಾವ್64ರಲ್ಲಿ. ಹೆಸರು ನೋಡಿ ಉಲ್ಟಾ ಹಾಕಿದರೆ ಸಿ000007ಬಿ ಎಂದು ಕೊನೆಯಾಗುವ ದೋಷ ಸಂಖ್ಯೆ ಬರುತ್ತದೆ. ಸಹಿ ಅಸಲಿಯೇ ಇದ್ದರೂ ಪ್ರೋಗ್ರಾಂ ಓಡುವುದಿಲ್ಲ. ಟೂಲ್ ಯಾವುದೂ ಕೈಗೆ ಸಿಗದಿದ್ದರೆ ಫೈಲಿನ ಒಂದು ಪ್ರತಿ ಮಾಡಿ ನೋಟ್‌ಪ್ಯಾಡಿನಲ್ಲಿ ತೆರೆಯಿರಿ. ಮೊದಲಿಗೇ ಎಂ, ಝಡ್ ಎಂಬ ಎರಡು ಇಂಗ್ಲಿಷ್ ಅಕ್ಷರ ಕಾಣುತ್ತವೆ. ಸ್ವಲ್ಪ ಕೆಳಗೆ ಪಿ, ಇ ಎಂದು ಬರುತ್ತದೆ. ಅದರ ಮುಂದೆ ದೊಡ್ಡಕ್ಷರದ ಎಲ್ ಇದ್ದರೆ 32 ಬಿಟ್, ಸಣ್ಣಕ್ಷರದ ಡಿ ಇದ್ದರೆ 64 ಬಿಟ್. ನೋಡಿ ಮುಚ್ಚಿ, ಸೇವ್ ಮಾಡಬೇಡಿ.

ಕಾಟಾದ ಹುಡುಗನ ಸಮಸ್ಯೆಗೆ ಉತ್ತರ ಸುಲಭ. ಕಾಣೆಯಾದ ಫೈಲು ಎಂಎಸ್‌ವಿಸಿಪಿ140 ಅಥವಾ ವಿಸಿರನ್‌ಟೈಮ್140 ಆಗಿದ್ದರೆ ಅದು ವಿಷುಯಲ್ ಸಿ++ ರನ್‌ಟೈಮಿನದು. ಮೈಕ್ರೋಸಾಫ್ಟ್ ತಾಣದಿಂದ ಆ ಪ್ಯಾಕೇಜನ್ನೇ ಹಾಕಿ. ಸಿಸ್ಟಂ 64 ಬಿಟ್ ಇದ್ದರೂ ಸಾಫ್ಟ್‌ವೇರ್ 32 ಬಿಟ್ ಆದರೆ ಬೇಕಾದದ್ದು ಎಕ್ಸ್86 ಪ್ಯಾಕೇಜು. ಹಳೆಯ ಕಾಟಾ ಸಾಫ್ಟ್‌ವೇರುಗಳು ತೂಕದ ಇಂಡಿಕೇಟರನ್ನು ಸೀರಿಯಲ್ ಪೋರ್ಟಿನಿಂದ ಓದಲು ವಿಷುಯಲ್ ಬೇಸಿಕ್ 6 ಕಾಲದ ಎಂಎಸ್‌ಕಾಮ್32 ಎಂಬ ಓಸಿಎಕ್ಸ್ ಫೈಲನ್ನು ನೆಚ್ಚಿಕೊಂಡಿವೆ. ಓಸಿಎಕ್ಸ್ ಕೂಡ ಡಿಎಲ್‌ಎಲ್ ಜಾತಿಯದೇ. ಅದನ್ನು ಸಾಫ್ಟ್‌ವೇರ್ ಕೊಟ್ಟವರ ಮೂಲ ಸೆಟಪ್‌ನಿಂದ ತೆಗೆದುಕೊಳ್ಳಬೇಕು. 64 ಬಿಟ್ ಸಿಸ್ಟಂ ಆದರೆ ಸಿಸ್‌ವಾವ್64ರಲ್ಲಿ ಇಟ್ಟು, ಅಲ್ಲಿನ ರೆಗ್‌ಎಸ್‌ವಿಆರ್32ರಿಂದಲೇ ರಿಜಿಸ್ಟರ್ ಮಾಡಬೇಕು. ವಿಂಡೋಸಿನದೇ ಫೈಲು ಕೆಟ್ಟಿದ್ದರೆ ಅಡ್ಮಿನ್ ಕಮಾಂಡ್ ಪ್ರಾಂಪ್ಟಿನಲ್ಲಿ ಎಸ್‌ಎಫ್‌ಸಿ ಸ್ಕ್ಯಾನ್‌ನೌ ಓಡಿಸಿದರೆ ಅದೇ ಸರಿಪಡಿಸುತ್ತದೆ.

ಸಹಿ ಸರಿಯಿದ್ದರೆ ಫೈಲು ಒಳ್ಳೆಯದೇ ಎನ್ನಬಹುದೇ? ಎನ್ನಲಾಗದು. ಸಹಿ ಹೇಳುವುದು ಎರಡೇ ಸಂಗತಿ: ಯಾರ ಕೀಲಿಯಿಂದ ಹಾಕಿದ್ದು, ಹಾಕಿದ ಮೇಲೆ ಬದಲಾಗಿದೆಯೇ. 2010ರಲ್ಲಿ ಬಯಲಾದ ಸ್ಟಕ್ಸ್‌ನೆಟ್ ಎಂಬ ಕುತಂತ್ರಾಂಶದ ಡ್ರೈವರುಗಳಿಗೆ ರಿಯಲ್‌ಟೆಕ್ ಮತ್ತು ಜೆಮೈಕ್ರಾನ್ ಕಂಪನಿಗಳಿಂದ ಕದ್ದ ಕೀಲಿಗಳ ಸಹಿ ಇತ್ತು. 2020ರಲ್ಲಿ ಬಯಲಾದ, ಸೋಲಾರ್‌ವಿಂಡ್ಸ್ ಎಂಬ ಸಾಫ್ಟ್‌ವೇರ್ ಕಂಪನಿಯ ಪ್ರಕರಣದಲ್ಲಿ ದಾಳಿಕೋರರು ತಯಾರಿಕೆಯ ಹಂತದಲ್ಲೇ ಒಂದು ಡಿಎಲ್‌ಎಲ್‌ನೊಳಗೆ ಕಳ್ಳದಾರಿ ಸೇರಿಸಿದರು. ಕಂಪನಿ ತನಗೆ ಗೊತ್ತಿಲ್ಲದೆ ಅದಕ್ಕೆ ತನ್ನದೇ ಅಸಲಿ ಸಹಿ ಹಾಕಿ ಕಳಿಸಿತು. ಸುಮಾರು 18,000 ಗ್ರಾಹಕರ ಕಡೆ ಅದು ಹೋಗಿತ್ತು.

ಮೇಲೆ ಹೇಳಿದ ಬಿಟ್ಟ ಜಾಗದ ವಿಷಯ ಇಲ್ಲಿ ಬರುತ್ತದೆ. ಸಹಿ ಕೂತ ಭಾಗ ಹ್ಯಾಷ್‌ಗೆ ಸೇರದ ಕಾರಣ, ಅದರ ಬೆನ್ನಿಗೆ ಬೇರೆ ಡೇಟಾ ಅಂಟಿಸಿದರೂ ಸಹಿ ಸರಿಯೆಂದೇ ತೋರಿಸುತ್ತದೆ. 2013ರಲ್ಲೇ ಮೈಕ್ರೋಸಾಫ್ಟ್ ಇದಕ್ಕೆ ಪರಿಹಾರ ಕೊಟ್ಟಿತು, ಆದರೆ ಕಡ್ಡಾಯ ಮಾಡಲಿಲ್ಲ. 2023ರಲ್ಲಿ 3ಸಿಎಕ್ಸ್ ಎಂಬ ಫೋನ್ ಸಾಫ್ಟ್‌ವೇರಿನ ಮೇಲಾದ ದಾಳಿಯಲ್ಲಿ ಮೈಕ್ರೋಸಾಫ್ಟ್ ಸಹಿಯಿದ್ದ ಡಿ3ಡಿಕಂಪೈಲರ್_47 ಎಂಬ ಡಿಎಲ್‌ಎಲ್‌ಗೆ ಹೀಗೇ ಅಂಟಿಸಿದ್ದರು. ವಿಂಡೋಸಿನ ಸೆಟ್ಟಿಂಗುಗಳಿರುವ ರಿಜಿಸ್ಟ್ರಿಯಲ್ಲಿ ಎನೇಬಲ್‌ಸರ್ಟ್‌ಪ್ಯಾಡಿಂಗ್‌ಚೆಕ್ ಎಂಬುದನ್ನು ಆನ್ ಮಾಡಿದರೆ ಇಂಥ ಫೈಲು ಸಿಕ್ಕಿಬೀಳುತ್ತದೆ. ನಾನು ನೋಡಿಕೊಳ್ಳುವ ಸಿಸ್ಟಂಗಳಲ್ಲಿ ಇದನ್ನು ಆನ್ ಮಾಡಿಯೇ ಕೊಡುತ್ತೇನೆ.

ನಮ್ಮ ಭಾಗದ ಮಿಲ್ಲುಗಳಲ್ಲಿ ಇನ್ನೂ ಉಳಿದಿರುವ ವಿಂಡೋಸ್ 7 ಸಿಸ್ಟಂಗಳ ಬಗ್ಗೆಯೂ ಹೇಳಬೇಕು. 2020ರ ಜನವರಿ 14ಕ್ಕೆ ಅದರ ಬೆಂಬಲ ನಿಂತಿದೆ, ಬದಲಾಯಿಸಿ ಎಂದೇ ನನ್ನ ಒತ್ತಾಯ. ಬದಲಾಯಿಸುವತನಕ ಹೊಸ ಡ್ರೈವರ್ ಅಥವಾ ಡಿಎಲ್‌ಎಲ್‌ನ ಸಹಿ ಪರೀಕ್ಷಿಸಲಾಗದು ಎಂದು ಬಂದರೆ, ಆ ಸಿಸ್ಟಂಗೆ ಎಸ್‌ಎಚ್‌ಎ-256 ಸಹಿ ಸರಿಯಾಗಿ ಓದಲು ಬರುತ್ತಿಲ್ಲದಿರಬಹುದು. ಮೊದಲು ಕೆಬಿ4490628, ಆಮೇಲೆ ಕೆಬಿ4474419 ಅಪ್‌ಡೇಟ್ ಹಾಕಿ ರೀಸ್ಟಾರ್ಟ್ ಮಾಡಿ. ಅದಾದ ಮೇಲೂ ಸಹಿ ಒಪ್ಪದಿದ್ದರೆ ಆ ಫೈಲನ್ನು ಪಕ್ಕಕ್ಕಿಟ್ಟು, ಕೊಟ್ಟವರಿಂದ ಹೊಸ ಸೆಟಪ್ ತರಿಸಿಕೊಳ್ಳಿ.